ಕಾವೇರಮ್ಮನವರ ಅಳಿಯಂದಿರು

ನಮ್ಮ ಪಕ್ಕದ ಮನೆಯ ಕಾವೇರಮ್ಮನವರಿಗೆ ಹೆಣ್ಣುಮಕ್ಕಳಿರಲಿಲ್ಲ. ಅಳಿಯಂದಿರು ಮಾತ್ರ ಬೇಲಿಯ ಉದ್ದಕ್ಕೂ ಸಾಲಾಗಿ ನಿಂತಿದ್ದರು.

ನಾನು ಮದುವೆಯಾಗಿ ಜಯನಗರದ ಆ ಮನೆಗೆ ಬಂದು ಇನ್ನೂ ವಾರ ಕಳೆದಿರಲಿಲ್ಲ. ಬೆಳಿಗ್ಗೆ ಹೊಸಿಲು ತೊಳೆದು ರಂಗೋಲಿ ಹಾಕುತ್ತಿದ್ದಾಗ ಬೇಲಿಯ ಆಚೆಯಿಂದ ಮಾತು ಕೇಳಿಸಿತು. ತುಂಬು ದನಿ, ಸ್ವಲ್ಪ ಗದರಿಕೆ, ಅದರಲ್ಲೇ ಮುದ್ದು.

"ಏನಪ್ಪಾ ವಕೀಲರ ಮನೆ ಅಳಿಯ, ನಿಂಗಿನ್ನೂ ಎಷ್ಟು ವಾಯಿದೆ ಬೇಕೋ? ಹೆಡ್‌ಮಾಸ್ಟರ ಮನೆಯವನು ನೋಡು, ಹೇಗೆ ನೆಟ್ಟಗೆ ನಿಂತಿದ್ದಾನೆ! ಅಯ್ಯೋ, ಡಾಕ್ಟರ ಮನೆಯವನೇ ಮೊದಲು ಹೋಗಿಬಿಟ್ನಲ್ಲ, ಇದಕ್ಕೇನು ಹೇಳೋಣ."

ಇಣುಕಿ ನೋಡಿದೆ. ನಲವತ್ತು ದಾಟಿದ, ಎತ್ತರದ ಹೆಂಗಸು. ಹಸಿರು ಸೀರೆಯ ಸೆರಗನ್ನು ಸೊಂಟಕ್ಕೆ ಬಿಗಿದು, ಅಕ್ಕಿ ತೊಳೆದ ನೀರಿನ ಪಾತ್ರೆಯನ್ನು ಕಂಕುಳಲ್ಲಿ ಹಿಡಿದು, ನೆಲಕ್ಕೆ ಚುಚ್ಚಿದ್ದ ಒಣಕಡ್ಡಿಗಳಿಗೆ ಒಂದೊಂದೇ ಚೊಂಬು ನೀರು ಹಾಕುತ್ತಿದ್ದರು. ಸುತ್ತ ಮನುಷ್ಯರು ಯಾರೂ ಇರಲಿಲ್ಲ. ಒಳಗೆ ಓಡಿಹೋಗಿ ಅತ್ತೆಗೆ ಪಿಸುಗುಟ್ಟಿದೆ: "ಅತ್ತೆ, ಪಕ್ಕದ ಮನೆಯವರು ಕಡ್ಡಿಗಳ ಜೊತೆ ಮಾತಾಡ್ತಿದ್ದಾರೆ!"

ಅತ್ತೆ ಮಜ್ಜಿಗೆ ಕಡೆಯುವುದನ್ನು ನಿಲ್ಲಿಸದೆ, "ಅವು ಕಡ್ಡಿಗಳಲ್ಲ ಕಣೇ ಲಲಿತಾ, ಅಳಿಯಂದಿರು. ಅವರೆದುರಿಗೆ ಕಡ್ಡಿ ಅಂದುಬಿಟ್ಟೀಯ, ಹುಷಾರು" ಎಂದರು.

ವಿಷಯ ಇಷ್ಟೇ. ಕಾರ್ತಿಕ ಮಾಸದ ಉತ್ಥಾನ ದ್ವಾದಶಿಯ ಸಂಜೆ ನಮ್ಮ ಕಡೆ ತುಳಸಿಗೆ ಮದುವೆ. ತುಳಸಿಕಟ್ಟೆಯಲ್ಲಿ ಗಿಡದ ಪಕ್ಕಕ್ಕೆ ಕಾಯಿ ಬಿಟ್ಟಿರುವ ನೆಲ್ಲಿಯ ಕೊಂಬೆಯೊಂದನ್ನು ನೆಡುತ್ತಾರೆ. ತುಳಸಿ ಮದುವಣಗಿತ್ತಿ, ನೆಲ್ಲಿ ಕೊಂಬೆಯೇ ಮದುಮಗ, ಸಾಕ್ಷಾತ್ ಕೃಷ್ಣ. ಇಬ್ಬರಿಗೂ ಹೂ ಮುಡಿಸಿ, ದೀಪ ಹಚ್ಚಿ, ಹಾಡು ಹೇಳಿ ಆರತಿ ಎತ್ತುತ್ತೇವೆ. ಮರುದಿನ ಬೆಳಿಗ್ಗೆ ಕಟ್ಟೆ ಸ್ವಚ್ಛ ಮಾಡುವಾಗ ಬಾಡಿದ ಹೂವಿನ ಜೊತೆಗೆ ಕೊಂಬೆಯೂ ತಿಪ್ಪೆಗೆ ಹೋಗುತ್ತದೆ. ಎಲ್ಲರೂ ಹಾಗೇ ಮಾಡುತ್ತಿದ್ದರು. ಅದರಲ್ಲಿ ತಪ್ಪೇನಿದೆಯೆಂದು ಯಾರಿಗೂ ಹೊಳೆದಿರಲಿಲ್ಲ, ಕಾವೇರಮ್ಮನವರೊಬ್ಬರನ್ನು ಬಿಟ್ಟು.

ಪ್ರತಿ ವರ್ಷ ಆ ಬೆಳಿಗ್ಗೆ ಅವರು ಬಿದಿರಿನ ಬುಟ್ಟಿ ಹಿಡಿದು ಬೀದಿಗೆ ಇಳಿಯುತ್ತಿದ್ದರು. ಆಗಿನ ಜಯನಗರದಲ್ಲಿ ಮನೆಗಳಿಗಿಂತ ಖಾಲಿ ಸೈಟುಗಳೇ ಹೆಚ್ಚು. ಕೆಮ್ಮಣ್ಣಿನ ರಸ್ತೆ, ಎಲ್ಲಿ ನೋಡಿದರೂ ಎಕ್ಕದ ಗಿಡ, ಬೀಸಿದರೆ ಕಣ್ಣಿಗೆ ಮಣ್ಣು ತುಂಬುವ ಗಾಳಿ. ಆ ಗಾಳಿಯನ್ನೂ ಮೀರಿ ಅವರ ದನಿ ಕೇಳಿಸುತ್ತಿತ್ತು.

"ಏನ್ರೀ, ನಿನ್ನೆ ಸಂಜೆ ಆರತಿ ಎತ್ತಿ ಕರ್ಕೊಂಡವರನ್ನ ಇವತ್ತು ಬೆಳಿಗ್ಗೆ ಚರಂಡಿಗೆ ಎಸೀತೀರಲ್ಲ! ನಿಮ್ಮನೆ ಅಳಿಯಂಗೂ ಹೀಗೇ ಮಾಡ್ತೀರಾ?"

ಗೃಹಿಣಿಯರು ನಗುತ್ತಾ ಕೊಂಬೆಯನ್ನು ಬುಟ್ಟಿಗೆ ಹಾಕುತ್ತಿದ್ದರು. ಕಾವೇರಮ್ಮನವರು ಅವನ್ನೆಲ್ಲಾ ತಂದು, ಕತ್ತರಿಸಿದ ತುದಿಗೆ ಸಗಣಿ ಮೆತ್ತಿ, ಒದ್ದೆ ಗೋಣಿಯ ಚೂರು ಸುತ್ತಿ ಬೇಲಿಯ ಪಕ್ಕ ನೆಡುತ್ತಿದ್ದರು. ಯಾವುದು ಯಾರ ಮನೆಯದೆಂದು ಅವರಿಗೆ ಬಾಯಿಪಾಠ. ಅವರ ತುಳಸಿ ಅವರಿಗೆ ಮಗಳು. ಮೂವರು ಗಂಡುಮಕ್ಕಳ ನಡುವೆ ಒಂದು ಹೆಣ್ಣು ಬೇಕೆಂದು ಹಂಬಲಿಸಿ ಸಿಗದೆ, ಕಟ್ಟೆಯ ಮೇಲಿನ ಗಿಡಕ್ಕೇ ತಲೆ ಬಾಚುವವರಂತೆ ದಿನಾ ಒಣಗಿದ ಕದಿರು ಚಿವುಟಿ, ಅರಿಶಿನ ಕುಂಕುಮ ಇಟ್ಟು ಬೆಳೆಸಿದ್ದರು. ಬೀದಿಯ ತುಳಸಿಗಳೆಲ್ಲ ಅವರ ಮಗಳ ಓರಗಿತ್ತಿಯರೋ ಅಕ್ಕತಂಗಿಯರೋ ಆದ್ದರಿಂದ ಎಲ್ಲ ಮನೆಯ ಮದುಮಕ್ಕಳೂ ಇವರಿಗೆ ಅಳಿಯಂದಿರೇ.

ಅವರಿಗೆ ಒಂದೇ ಆಸೆ. ಅದನ್ನು ಮುಚ್ಚುಮರೆಯಿಲ್ಲದೆ ಎಲ್ಲರಿಗೂ ಹೇಳುತ್ತಿದ್ದರು. "ಪ್ರತಿ ವರ್ಷ ಗಾಂಧಿಬಜಾರಿಗೆ ಹೋಗಿ, ಯಾವ ಊರಿನವನೋ ಯಾವ ಕುಲದವನೋ, ಪುಟ್ಟಿಯಲ್ಲಿ ಬಿದ್ದಿರೋ ಗಂಡನ್ನ ಚೌಕಾಸಿ ಮಾಡಿ ತರ್ತೀನಲ್ಲ ಲಲಿತಾ, ನಾಚಿಕೆ ಆಗತ್ತೆ ಕಣೇ. ನನ್ನ ಮಗಳಿಗೆ ಒಂದು ಸಲವಾದ್ರೂ ನಾವು ನೋಡಿ ಬೆಳೆಸಿದ ಗಂಡು ಬರಬೇಕು."

ತೊಂದರೆ ಏನೆಂದರೆ ನೆಲ್ಲಿ ಕೊಂಬೆ ಚುಚ್ಚಿದರೆ ಚಿಗುರುವ ಜಾತಿಯಲ್ಲ. ನುಗ್ಗೆಯನ್ನೋ ದಾಸವಾಳವನ್ನೋ ಹಾಗೆ ನೆಟ್ಟು ಬೆಳೆಸಬಹುದು. ನೆಲ್ಲಿ ಸ್ವಲ್ಪ ದಿನ ಹಸಿರಾಗಿದ್ದು ಆಸೆ ಹುಟ್ಟಿಸಿ, ಆಮೇಲೆ ಸಣ್ಣ ಎಲೆಗಳನ್ನೆಲ್ಲ ಉದುರಿಸಿ, ಬೋಳಾಗಿ ನಿಂತುಬಿಡುತ್ತದೆ. ಇದನ್ನು ಅವರ ಯಜಮಾನರು ರಾಯರು ಪ್ರತಿ ವರ್ಷ ಹೇಳಿ ನೋಡಿದ್ದರು. ಸರ್ಕಾರಿ ಕಚೇರಿಯೊಂದರಲ್ಲಿ ಹೆಡ್ ಕ್ಲರ್ಕ್ ಆಗಿದ್ದ ರಾಯರು ಮೆಲುಮಾತಿನ ಮನುಷ್ಯ. ಅವರ ಹಾಸ್ಯವೂ ಅಷ್ಟೇ ಮೆತ್ತಗೆ, ಚುಚ್ಚಿದ್ದು ಆಮೇಲೆ ತಿಳಿಯುತ್ತಿತ್ತು. "ನಿನ್ನ ಅಳಿಯಂದಿರು ಬೇರೂರೋ ಪೈಕಿ ಅಲ್ಲ ಕಣೇ. ಊಟ ಮಾಡಿ ಹೋಗೋ ಪೈಕಿ" ಎನ್ನುತ್ತಿದ್ದರು.

"ನೀವು ಸುಮ್ನಿರಿ. ನಮ್ಮಪ್ಪನ ಮನೆಯಲ್ಲಿ ನೀವು ಮಾಡಿದ್ದೂ ಅದೇ" ಎಂದು ಇವರು ಚೊಂಬು ಎತ್ತುತ್ತಿದ್ದರು.

ನಾವೂ ಅವರೂ ಬಾಡಿಗೆಯವರು. ನಮ್ಮ ಎರಡೂ ಮನೆಗಳು ಯಡಿಯೂರಿನ ಚಿಕ್ಕಮುನಿಯಪ್ಪನವರದು. ಅಲ್ಲೆಲ್ಲ ಮೊದಲು ಅವರ ರಾಗಿ ಹೊಲವಿತ್ತಂತೆ. ಬಡಾವಣೆಗೆ ಹೊಲ ಹೋದ ಮೇಲೆ ಉಳಿದ ಜಾಗದಲ್ಲಿ ಜೋಡಿ ಮನೆ ಕಟ್ಟಿಸಿ ಬಾಡಿಗೆಗೆ ಕೊಟ್ಟಿದ್ದರು. ಬಾಡಿಗೆ ಮನೆಯಲ್ಲಿ ಹೂವಿನ ಗಿಡ ಸರಿ, ಮರ ಬೆಳೆಸುವ ಆಸೆ ಯಾರಿಗಾದರೂ ಇರುತ್ತದೆಯೇ ಎಂದು ಬೀದಿಯವರು ನಗುತ್ತಿದ್ದರು. ಕಾವೇರಮ್ಮನವರು ಅದಕ್ಕೂ ತಲೆ ಕೆಡಿಸಿಕೊಂಡವರಲ್ಲ.

ನಾನು ಬಂದ ಮೂರನೆಯದೋ ನಾಲ್ಕನೆಯದೋ ಮಳೆಗಾಲ. ಅಡುಗೆಮನೆಯಲ್ಲಿದ್ದವಳಿಗೆ ಬೇಲಿಯ ಕಡೆಯಿಂದ "ಲಲಿತಾ! ಲಲಿತಾ! ಬಾರೇ ಬೇಗ!" ಎಂಬ ಕೂಗು ಕೇಳಿತು. ಹಾವೇನಾದರೂ ಬಂತೋ ಎಂದು ಕೈಗೆ ಸಿಕ್ಕ ಸೌಟು ಹಿಡಿದುಕೊಂಡೇ ಓಡಿದೆ. ಕಾವೇರಮ್ಮನವರು ಕೆಸರಿನಲ್ಲಿ ಮಂಡಿಯೂರಿ ಕೂತಿದ್ದರು. ಬೀದಿ ಕಡೆಯ ತಡಿಕೆ ಗೇಟಿನ ಹತ್ತಿರದ ಒಣಕೊಂಬೆಯೊಂದರ ಬುಡದಲ್ಲಿ ಹುಣಸೆ ಚಿಗುರಿನಂಥ ಎಳೆಯ ಗಿಡ, ಬೆರಳುದ್ದ.

"ಬೇರು ಬಿಟ್ಟ ಕಣೇ! ಹೆಡ್‌ಮಾಸ್ಟರ ಮನೆ ಅಳಿಯ! ನಾನು ಹೇಳ್ಲಿಲ್ವಾ, ಅವನೇ ಗಟ್ಟಿಗ ಅಂತ!" ಅವರ ಕಣ್ಣಿನಲ್ಲಿ ನೀರಿತ್ತು.

ರಾಯರು ಕೊಡೆ ಹಿಡಿದು ಬಂದರು. ಕನ್ನಡಕ ಏರಿಸಿ, ಬಗ್ಗಿ, ಒಣಕೊಂಬೆಯನ್ನು ಮೆಲ್ಲಗೆ ಅಲ್ಲಾಡಿಸಿದರು. ಅದು ಬುಡಸಮೇತ ಕೈಗೆ ಬಂತು. ಪಕ್ಕದ ಎಳೆಗಿಡ ಅಲ್ಲಾಡದೆ ನಿಂತಿತ್ತು. ಕೊಂಬೆಯಿಂದ ಉದುರಿದ್ದ ಕಾಯಿಯ ಬೀಜ ಮೊಳೆತು ಬಂದ ಗಿಡ ಅದು. ರಾಯರು ಒಂದು ಕ್ಷಣ ಹೆಂಡತಿಯ ಮುಖ ನೋಡಿದರು.

"ಇದು ಅಳಿಯ ಅಲ್ಲ ಕಣೇ, ಮೊಮ್ಮಗ."

ಕಾವೇರಮ್ಮನವರು ಕಿತ್ತುಬಂದ ಒಣಕೊಂಬೆಯನ್ನು ಗಂಡನ ಕೈಯಿಂದ ತೆಗೆದುಕೊಂಡು ಪಕ್ಕಕ್ಕಿಟ್ಟರು. ಆಮೇಲೆ ಎದ್ದು, ಕೆಸರು ಕೈಯನ್ನು ಸೆರಗಿಗೆ ಒರೆಸಿಕೊಂಡು, "ಆಗಲಿ ಬಿಡಿ. ನನ್ನ ಮಗಳ ಸಂಸಾರ ನೆಟ್ಟಗಿದೆ ಅಂತಾಯ್ತಲ್ಲ" ಎಂದರು. ಆ ದಿನ ಎರಡೂ ಮನೆಗಳಲ್ಲಿ ಪಾಯಸ. ಮೊಮ್ಮಗನ ಲೆಕ್ಕಕ್ಕೆ ನಮ್ಮ ಅತ್ತೆ ಬೆಲ್ಲದ ಅಚ್ಚು ಕಳಿಸಿಕೊಟ್ಟರು.

ರಾಯರ ಇನ್ನೊಂದು ಮಾತು ಬಂದದ್ದು ಪಾಯಸ ಕುಡಿದು ಮುಗಿದ ಮೇಲೆ. ಲೋಟ ಕೆಳಗಿಟ್ಟು, ಏನೋ ಕಚೇರಿಯ ವಿಷಯ ಹೇಳುವವರಂತೆ ಹೇಳಿದರು: "ಎಲ್ಲಾ ಸರಿ. ಇವನು ದೊಡ್ಡವನಾಗಿ ಕಾಯಿ ಬಿಟ್ಟ ಅಂತ ಇಟ್ಕೋ. ಇವನ ಕೊಂಬೆ ಕಡಿದು ತುಳಸಿ ಪಕ್ಕ ನೆಟ್ರೆ, ಮಗನಿಗೇ ತಾಯೀನ ಕೊಟ್ಟು ಮದುವೆ ಮಾಡಿದ ಹಾಗೆ ಆಗಲ್ವಾ?"

ಯಾರೂ ನಗಲಿಲ್ಲ. ನಗಬೇಕೆಂದಿದ್ದ ನಾನೂ ಕಾವೇರಮ್ಮನವರ ಮುಖ ನೋಡಿ ತುಟಿ ಕಚ್ಚಿಕೊಂಡೆ. ಬೇರೆ ಯಾರಾದರೂ ಆಗಿದ್ದರೆ ತಮಾಷೆಯೆಂದು ತಳ್ಳಿಹಾಕುತ್ತಿದ್ದರು. ಅವರಿಗೆ ಅದು ತಮಾಷೆಯಾಗಿರಲಿಲ್ಲ. ವರ್ಷವರ್ಷವೂ ಕಾದು, ಕೊನೆಗೂ ಕಣ್ಣಿಗೆ ಬಿದ್ದ ಹಸಿರು ತಮ್ಮ ಮಗಳಿಗೆ ಆಗಿಬರದ ಸಂಬಂಧವಾಗಿಬಿಟ್ಟಿತ್ತು. ಎರಡು ದಿನ ಬೇಲಿಯ ಆಚೆ ಮಾತೇ ಇರಲಿಲ್ಲ. ನೀರು ಹಾಕುವ ಸದ್ದು ಮಾತ್ರ ಕೇಳುತ್ತಿತ್ತು. ರಾಯರು ಹೇಳಬಾರದಿತ್ತೇನೋ ಎಂಬ ಮುಖ ಹೊತ್ತುಕೊಂಡು ಕಚೇರಿಗೆ ಹೋಗಿಬರುತ್ತಿದ್ದರು.

ಆಮೇಲೊಂದು ಬೆಳಿಗ್ಗೆ ಬೇಲಿಯ ಮೇಲಿಂದ ತಲೆ ಕಾಣಿಸಿತು. "ಲಲಿತಾ, ವಿಲ್ಸನ್ ಗಾರ್ಡನ್‌ನಲ್ಲಿ ನಿಮ್ಮ ತವರುಮನೆ ಹಿತ್ತಲಲ್ಲಿ ನೆಲ್ಲಿಮರ ಇದೆ ಅಂದಿದ್ಯಲ್ಲ. ಯಾವ ಕಡೆಯದು ಅದು?"

"ನಮ್ಮ ತಾತ ಎಲ್ಲಿಂದಲೋ ತಂದು ಹಾಕಿದ್ದಂತೆ. ಯಾಕೆ?"

"ಗಾಂಧಿಬಜಾರಿಂದು ಅಲ್ಲ ತಾನೇ?"

"ಅಲ್ಲಪ್ಪಾ."

"ಹಾಗಾದ್ರೆ ಗೋತ್ರ ಬೇರೆ." ಅವರ ಮುಖ ಅರಳಿತು. "ಆ ಮರದ ಬೀಜ ತಂದು ನಿಮ್ಮ ಕಡೆ ಹಾಕು. ನಿಮ್ಮನೆ ಗಂಡು ನನ್ನ ತುಳಸಿಗೆ, ನನ್ನ ಮೊಮ್ಮಗ ನಿಮ್ಮ ತುಳಸಿಗೆ. ಕೊಟ್ಟು ತರೋ ಸಂಬಂಧ. ಆಗ ಇವರು ಏನು ಹೇಳ್ತಾರೋ ನೋಡೋಣ."

ರಾಯರು ಕಿಟಕಿಯೊಳಗಿಂದಲೇ, "ಇದಕ್ಕೆ ನನ್ನ ಆಕ್ಷೇಪಣೆ ಇಲ್ಲ" ಎಂದರು. ಅಷ್ಟು ಬೇಗ ಅವರು ಯಾವ ಕಾಗದಕ್ಕೂ ರುಜು ಹಾಕಿರಲಿಕ್ಕಿಲ್ಲ.

ಹೀಗೆ ನಾನೂ ನೆಲ್ಲಿ ಬೆಳೆಸುವವಳಾದೆ. ಆ ಚಳಿಗಾಲದಲ್ಲಿ ತವರಿನಿಂದ ಬಲಿತ ಕಾಯಿ ತಂದೆವು. ತಿರುಳು ಬಿಡಿಸಿ ಉಪ್ಪಿನಕಾಯಿಗೆ ಹಾಕಿ, ಗಟ್ಟಿ ಓಟೆಗಳನ್ನು ಮೊರದಲ್ಲಿ ಬಿಸಿಲಿಗೆ ಇಟ್ಟೆವು. ಒಣಗಿದ ಓಟೆ ತಾನಾಗಿಯೇ ಟಪ್ ಎಂದು ಸಿಡಿದು ಬೀಜ ಹಾರುತ್ತದೆಯೆಂದು ನನಗೆ ಗೊತ್ತಿರಲಿಲ್ಲ. ಬಿಸಿಲು ಕಾಯಿಸುತ್ತಾ ಮೊರದ ಪಕ್ಕ ಮಲಗಿದ್ದ ಬೆಕ್ಕಿಗೂ ಗೊತ್ತಿರಲಿಲ್ಲ. ಮೊದಲ ಓಟೆ ಸಿಡಿದಾಗ ಅದು ಹಾರಿ ಅತ್ತೆಯ ಹಪ್ಪಳದ ಮೇಲೆ ಬಿತ್ತು. ಕಾವೇರಮ್ಮನವರು ನಕ್ಕು ನಕ್ಕು ಜಗಲಿಯ ಕಂಬ ಹಿಡಿದುಕೊಂಡರು. ಬೀಜ ನೆನೆಹಾಕಿ ಒಡಕು ಮಡಕೆಯಲ್ಲಿ ಬಿತ್ತಿ, ಮೇಲೆ ಬಂದವುಗಳಲ್ಲಿ ದಂಟು ನೆಟ್ಟಗಿದ್ದ ಒಂದನ್ನು ಆರಿಸಿದವರೂ ಅವರೇ. "ಇವನು ಲಕ್ಷಣವಾಗಿದ್ದಾನೆ" ಎಂದರು. ಹೆಣ್ಣಿನ ತಾಯಿ ಗಂಡು ನೋಡಲು ಬಂದಾಗ ಇರುವ ಗತ್ತೆಲ್ಲ ಅವರ ಮುಖದಲ್ಲಿತ್ತು.

ಮುಂದಿನ ಮಳೆಗೆ ಗುಂಡಿ ತೋಡಿ, ಕೆಮ್ಮಣ್ಣಿಗೆ ಕೊಟ್ಟಿಗೆ ಗೊಬ್ಬರ ಬೆರೆಸಿ ನೆಟ್ಟೆವು. ಗೆದ್ದಲು ಬಾರದಂತೆ ಬುಡಕ್ಕೆ ಬೇವಿನ ಹಿಂಡಿ, ಎಮ್ಮೆ ಬಾರದಂತೆ ಸುತ್ತ ಜಾಲಿ ಮುಳ್ಳು. ಬೇಸಿಗೆಯಲ್ಲಿ ನಲ್ಲಿಯಲ್ಲಿ ನೀರು ಬಾರದ ದಿನಗಳಲ್ಲಿ ಮುಖ ತೊಳೆದ ನೀರನ್ನೂ ಬಿಡದೆ ಹಿಡಿದು ಹಾಕಿದ್ದೇವೆ. "ದಿನಾ ಚೂರುಚೂರು ಹಾಕಿ ಮುದ್ದು ಮಾಡ್ಬೇಡ. ಎರಡು ದಿನಕ್ಕೊಂದು ಸಲ ಹೊಟ್ಟೆ ತುಂಬ ಹಾಕು, ಬೇರು ಕೆಳಗೆ ಹುಡುಕ್ಕೊಂಡು ಹೋಗ್ಲಿ" ಎಂದು ಅವರು ಹೇಳಿದ್ದನ್ನು ನಾನು ನನ್ನ ಮಕ್ಕಳನ್ನು ಬೆಳೆಸುವಾಗಲೂ ನೆನಪಿಟ್ಟುಕೊಂಡಿದ್ದೆ.

ಮೊಮ್ಮಗ ಎದೆಯೆತ್ತರ ಬಂದಾಗ ಒಂದು ಕಂಟಕ ಎದುರಾಯಿತು. ಚಿಕ್ಕಮುನಿಯಪ್ಪನವರಿಗೆ ನಾಲ್ಕು ಕಾಸು ಕೈಗೆ ಬಂದು, ಬೇಲಿ ಕಿತ್ತು ಕಲ್ಲಿನ ಕಾಂಪೌಂಡು ಕಟ್ಟಿಸಿ ಎರಡೂ ಮನೆಗೆ ಕಬ್ಬಿಣದ ಗೇಟು ಇಡಿಸಲು ಹೊರಟರು. ಕಾವೇರಮ್ಮನವರ ಮನೆಯ ಗೇಟು ತೆರೆಯಬೇಕಾದ ಜಾಗದಲ್ಲಿ ಸರಿಯಾಗಿ ಮೊಮ್ಮಗ ನಿಂತಿದ್ದ.

"ಅಮ್ಮಾರೇ, ಇಂಗಾದ್ರೆ ಗೇಟು ಎಲ್ಲಿ ಮಡಗ್ಲಿ? ಗಿಡ ಕಿತ್ತು ಆ ಮೂಲೆಗೆ ನೆಟ್ಕಳಿ" ಎಂದರು ಮುನಿಯಪ್ಪ, ತಲೆಯ ರುಮಾಲು ಬಿಚ್ಚಿ ಮುಖ ಒರೆಸಿಕೊಳ್ಳುತ್ತಾ.

"ಈಗ ಬೇರು ಅಲ್ಲಾಡಿಸಿದ್ರೆ ಉಳಿಯಲ್ಲ ಮುನಿಯಪ್ಪನವರೇ."

"ಓದ್ರೆ ಇನ್ನೊಂದು ಆಕ್ಕಳಿ. ಗಿಡ ತಾನೇ?"

"ಗಿಡ ಅಲ್ಲ, ನನ್ನ ಮೊಮ್ಮಗ."

ಮುನಿಯಪ್ಪ ನನ್ನ ಕಡೆ ತಿರುಗಿದರು. ನಾನು ತಲೆಯಾಡಿಸಿದೆ, ಹೌದೆಂದು. ಕಾವೇರಮ್ಮನವರು ಅವರನ್ನು ಕಲ್ಲಿನ ಮೇಲೆ ಕೂರಿಸಿ, ಮಜ್ಜಿಗೆ ಕೊಟ್ಟು, ಮದುವೆ, ತಿಪ್ಪೆ, ಹೆಡ್‌ಮಾಸ್ಟರ ಮನೆ ಅಳಿಯ, ಮೊಮ್ಮಗ, ಗೋತ್ರ, ನಮ್ಮ ಮನೆಯ ಗಂಡು ಎಲ್ಲವನ್ನೂ ಮೊದಲಿನಿಂದ ಹೇಳಿದರು. ದನಿ ಗಟ್ಟಿಯಾಗಿಯೇ ಇತ್ತು. ಆದರೆ ಅವರು ಕೇಳದೆಯೇ ಲೋಟಕ್ಕೆ ಮತ್ತೆ ಮತ್ತೆ ಮಜ್ಜಿಗೆ ಬಗ್ಗಿಸುತ್ತಿದ್ದರು. ನೆಲ ಅವರದಲ್ಲ. ಮುನಿಯಪ್ಪ ಕೀಳಿ ಎಂದರೆ ಕೀಳಬೇಕಿತ್ತು.

ಮುನಿಯಪ್ಪ ಕಥೆಯನ್ನು ಪೂರ್ತಿ ಕೇಳಿದರು. ಎದ್ದುಹೋಗಿ ಗಿಡದ ಸುತ್ತ ಒಂದು ಸುತ್ತು ಬಂದರು. ಆಮೇಲೆ ಹೊಟ್ಟೆ ಕುಲುಕಿಸಿಕೊಂಡು ನಗತೊಡಗಿದರು.

"ಅಂಗಾದ್ರೆ ನಮ್ ಒಲ್ದಾಗೆ ಉಟ್ಟವ್ನೆ ಅನ್ನಿ! ಇಲ್ಲಿ ನಮ್ಮಪ್ಪ ನೆಟ್ಟಿದ್ದ ಒಂಗೆಮರ ಇತ್ತು ಅಮ್ಮಾರೇ, ರೋಡ್ ಮಾಡಕ್ಕೆ ಕಡುದ್ರು. ನಾನ್ ಆವತ್ತು ಈ ಕಡೀಕ್ ಬರ್ಲೇ ಇಲ್ಲ. ಇವ್ನು ಇರ್ಲಿ ಬುಡಿ. ಗೇಟು ಅತ್ಲಾಗೆ ತಳ್ಳಾನ."

ಹಾಗಾಗಿ ಆ ಬೀದಿಯಲ್ಲಿ ಎಲ್ಲ ಮನೆಗಳ ಗೇಟು ಬಾಗಿಲಿಗೆ ನೇರವಾಗಿದ್ದರೆ, ಕಾವೇರಮ್ಮನವರದು ಮಾತ್ರ ಮೂಲೆಯಲ್ಲಿತ್ತು. ಬಂದವರು ಕಾಂಪೌಂಡಿನ ಒಳಗೆ ಉದ್ದಕ್ಕೂ ನಡೆದು, ನೆಲ್ಲಿಗಿಡಕ್ಕೆ ಅರ್ಧ ಪ್ರದಕ್ಷಿಣೆ ಹಾಕಿ ಬಾಗಿಲು ಮುಟ್ಟಬೇಕಿತ್ತು. ಪೋಸ್ಟ್‌ಮ್ಯಾನ್ ಗೊಣಗುತ್ತಿದ್ದ. ಮುನಿಯಪ್ಪ ಬಾಡಿಗೆ ತೆಗೆದುಕೊಳ್ಳಲು ಬಂದಾಗಲೆಲ್ಲ, "ನಮ್ ಉಡುಗ ಎಂಗವ್ನೆ?" ಎಂದು ವಿಚಾರಿಸುತ್ತಿದ್ದರು.

ಗಿಡಗಳು ಮರಗಳಾದವು. ನೆಲ್ಲಿ ಚಳಿ ಮುಗಿಯುವ ಹೊತ್ತಿಗೆ ಎಲೆಯೆಲ್ಲ ಕಳೆದುಕೊಂಡು ಸತ್ತಂತೆ ನಿಲ್ಲುತ್ತದೆ. ಮೊದಲ ವರ್ಷ ಹಾಗಾದಾಗ ನಾನು ಅತ್ತುಬಿಟ್ಟಿದ್ದೆ. ಕಾವೇರಮ್ಮನವರು ಉಗುರಿನಿಂದ ತೊಗಟೆ ಕೆರೆದು ಒಳಗಿನ ಹಸಿರು ತೋರಿಸಿ, "ಬಟ್ಟೆ ಬದಲಾಯಿಸ್ತಿದ್ದಾನೆ, ಆ ಕಡೆ ತಿರುಗು" ಎಂದಿದ್ದರು. ಚಿಗುರಿನ ಜೊತೆಗೇ ಹೂ ಬರುತ್ತದೆ, ಹಳದಿ ಹಸಿರಿನ ಸಾಸಿವೆಯಷ್ಟು ಹೂ. ಮೊಮ್ಮಗ ಒಂದು ವರ್ಷ ಹೂ ಬಿಟ್ಟು ಎಲ್ಲವನ್ನೂ ಉದುರಿಸಿದ. ಮರುವರ್ಷ ಎರಡೂ ಮರಗಳು ಒಟ್ಟಿಗೆ ಹೂ ಬಿಟ್ಟವು. ಜೇನುಹುಳುಗಳು ಕಾಂಪೌಂಡಿನ ಈ ಕಡೆಯಿಂದ ಆ ಕಡೆಗೆ ಇಡೀ ದಿನ ಓಡಾಡಿದವು. "ನೋಡೇ, ಮಾತುಕತೆ ನಡೀತಿದೆ" ಎಂದು ಅವರು ಜಗಲಿಯ ಮೇಲೆ ಕಾಲು ಚಾಚಿ ಕೂತು ನೋಡುತ್ತಿದ್ದರು. ಆಮೇಲೆ ಆ ಹೂಗಳೂ ಉದುರಿದವು. ಕೊಂಬೆಯಲ್ಲಿ ಏನೂ ಕಾಣಲಿಲ್ಲ.

ಅದೇ ವರ್ಷ ರಾಯರು ರಿಟೈರ್ ಆದರು. ಮೈಸೂರಿನ ಅಗ್ರಹಾರದಲ್ಲಿ ಅವರ ಪಾಲಿಗೆ ಬಂದ ಮನೆಯಿತ್ತು. ಹೊರಡಲೇಬೇಕಿತ್ತು. ಜೂನ್ ತಿಂಗಳು, ಸಾಮಾನೆಲ್ಲ ಲಾರಿಗೆ ಏರಿತ್ತು. ತುಳಸಿ ಕುಂಡವನ್ನು ಮಾತ್ರ ಲಾರಿಯಲ್ಲಿ ಕಳಿಸಲು ಅವರು ಒಪ್ಪಲಿಲ್ಲ. ತೊಡೆಯ ಮೇಲೆ ಇಟ್ಟುಕೊಂಡೇ ರೈಲಿನಲ್ಲಿ ಹೋಗುವೆನೆಂದರು. ಹೊರಡುವ ಮುಂಚೆ ಎರಡೂ ಮರಗಳ ಕೊಂಬೆ ಕೊಂಬೆ ಬಗ್ಗಿಸಿ ನೋಡಿದರು. ಒಂದು ಕಾಯಿಯ ಗುರುತೂ ಇರಲಿಲ್ಲ.

"ಈ ವರ್ಷಾನೂ ಗಾಂಧಿಬಜಾರೇ ಅಂದ್ಕೊಂಡೆ. ಇನ್ಮೇಲೆ ಅದೂ ಇಲ್ಲ, ದೇವರಾಜ ಮಾರ್ಕೆಟ್ಟು" ಎಂದು ನಗಲು ನೋಡಿದರು. ನಗು ಬರಲಿಲ್ಲ. ನನ್ನ ಕೈ ಹಿಡಿದುಕೊಂಡು, "ನನ್ನ ಮಗಳಿಗೆ ನಿಮ್ಮನೆ ಗಂಡಿನ ಯೋಗ ಇಲ್ವೇನೋ ಲಲಿತಾ. ಇರಲಿ. ಮೊಮ್ಮಗನ್ನ ನೋಡ್ಕೋ" ಎಂದರು. ಆ ಗಟ್ಟಿ ದನಿ ಒಡೆದದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ಅವರ ಟ್ಯಾಕ್ಸಿ ತಿರುವು ದಾಟಿದ ಮೇಲೂ ನಾನು ಆ ಮೂಲೆಯ ಗೇಟು ಹಿಡಿದುಕೊಂಡು ತುಂಬ ಹೊತ್ತು ನಿಂತಿದ್ದೆ.

ನೆಲ್ಲಿಯ ಗುಟ್ಟು ನಮಗೆ ಯಾರಿಗೂ ತಿಳಿದಿರಲಿಲ್ಲ. ಹೂ ಉದುರಿದ ಮೇಲೆ ಕಾಯಿ ಕಣ್ಣಿಗೆ ಕಾಣದಷ್ಟು ಚಿಕ್ಕದಾಗಿ ಕೊಂಬೆಗೆ ಅಂಟಿಕೊಂಡು ಬೇಸಿಗೆಯೆಲ್ಲ ನಿದ್ದೆ ಮಾಡುತ್ತದಂತೆ. ಮಳೆ ಚೆನ್ನಾಗಿ ಬಿದ್ದ ಮೇಲೆಯೇ ಏಳುವುದು. ಒಂಟಿ ಮರ ಕಾಯಿ ಕಟ್ಟುವುದೂ ಕಡಿಮೆಯಂತೆ, ಜೊತೆಗೆ ಬೇರೆ ತಳಿಯ ಇನ್ನೊಂದು ಮರ ಬೇಕಂತೆ. ಕಾವೇರಮ್ಮನವರು ಗೋತ್ರ ನೋಡಿದ್ದು ಎಷ್ಟು ಒಳ್ಳೆಯದಾಯಿತೆಂದು ಆಮೇಲೆ ಯೋಚಿಸಿ ನಾನು ಒಬ್ಬಳೇ ನಕ್ಕಿದ್ದೇನೆ.

ಗೌರಿ ಹಬ್ಬದ ಹಿಂದುಮುಂದು. ಬಟ್ಟೆ ಒಣಹಾಕುತ್ತಾ ತಲೆಯೆತ್ತಿದವಳು ಹಾಗೇ ನಿಂತೆ. ನಮ್ಮ ಮರದ ಕೊಂಬೆಯುದ್ದಕ್ಕೂ ಹಸಿರು ಮಣಿ ಪೋಣಿಸಿದಂತೆ ಕಾಯಿ! ಕಾಂಪೌಂಡಿನ ಆಚೆ ಮೊಮ್ಮಗನ ಮೈತುಂಬಾ ಕಾಯಿ! "ಅತ್ತೆ!" ಎಂದು ಕಿರುಚಿದೆ. ಅತ್ತೆ ಬಂದು, ಸೊಂಟದ ಮೇಲೆ ಕೈಯಿಟ್ಟು ನೋಡಿ, ತಡಮಾಡದೆ ತೀರ್ಪು ಕೊಟ್ಟರು: "ದ್ವಾದಶಿ ಪೂಜೆ ಇಲ್ಲಿ ನಾನು ಮಾಡ್ತೀನಿ. ಮೊಮ್ಮಗನ ಕೊಂಬೆ ನಮ್ಮ ತುಳಸಿಗೆ. ನೀನು ನಮ್ಮ ಮರದ ಗಂಡನ್ನ ಕರ್ಕೊಂಡು ಮೈಸೂರಿಗೆ ಹೋಗು."

ನಮ್ಮ ಯಜಮಾನರು ರಜೆಗೆ ಕಾರಣ ಏನು ಬರೆಯಲೆಂದು ತಲೆ ಕೆರೆದುಕೊಂಡರು. "ಮದುವೆ ಅಂತ ಬರೀರಿ" ಎಂದೆ. ಹಾಗೇ ಬರೆದರು.

ಕಾಯಿ ತುಂಬಿದ ಕೊಂಬೆಯನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ, ಅತ್ತೆ ಕೊಟ್ಟ ಜರಿಯಂಚಿನ ಶಲ್ಯ ಹೊದಿಸಿ ದ್ವಾದಶಿಯ ದಿನ ಬೆಳಗಿನ ರೈಲು ಹತ್ತಿದೆವು. ಕಿಟಕಿಯ ಪಕ್ಕದ ಜಾಗ ಮದುಮಗನಿಗೆ. ಎದುರಿಗೆ ಕೂತಿದ್ದ ರಾಮನಗರದ ಅಜ್ಜಿಯೊಬ್ಬರು, "ಏನಮ್ಮಾ ಅದು?" ಎಂದು ಕೇಳಿದರು. ಹೇಳಿದೆ. ಅಜ್ಜಿ ತಮ್ಮ ಮಡಿಲಿನಿಂದ ಒಂದು ಸೇವಂತಿಗೆ ಹೂ ತೆಗೆದು ಕೊಂಬೆಗೆ ಸಿಕ್ಕಿಸಿ, "ಇಷ್ಟು ದೂರದಿಂದ ಗಂಡು ಬರ್ತೈತೆ ಅಂದ್ರೆ ಎಣ್ಣು ಒಳ್ಳೇದೇ ಇರ್ಬೇಕು" ಎಂದರು. ಮೈಸೂರು ಬರುವಷ್ಟರಲ್ಲಿ ಆ ಡಬ್ಬಿಯಲ್ಲಿದ್ದವರಿಗೆಲ್ಲ ನಾವು ದಿಬ್ಬಣದವರಾಗಿದ್ದೆವು.

ಜಟಕಾ ಅಗ್ರಹಾರದ ಮನೆಯ ಮುಂದೆ ನಿಂತಾಗ ಕಾವೇರಮ್ಮನವರು ತುಳಸಿಯ ಮುಂದೆ ರಂಗೋಲಿ ಇಡುತ್ತಿದ್ದರು. ಪಕ್ಕದಲ್ಲಿ ಮಾರ್ಕೆಟ್ಟಿನಿಂದ ತಂದ ಒಂದು ಬಡಕಲು ಕೊಂಬೆ ಬಿದ್ದಿತ್ತು. ನಾವು ಬರುವೆವೆಂದು ಮುಂಚೆ ತಿಳಿಸಿರಲಿಲ್ಲ. ನನ್ನನ್ನು ನೋಡಿದರು, ಶಲ್ಯ ಹೊದ್ದ ಕೊಂಬೆಯನ್ನು ನೋಡಿದರು. ನಾನು ಶಲ್ಯದ ತುದಿ ಸರಿಸಿದೆ. ಕಾಯಿಗಳು ಕಂಡವು.

ಅವರು ತಟ್ಟನೆ ಎದ್ದು ಒಳಗೆ ಓಡಿದರು. ಬೇಸರವಾಯಿತೇನೋ ಎಂದು ನಮಗೆ ಗಾಬರಿ. ಮರುಕ್ಷಣ ಒಳಗಿಂದ ಆ ಹಳೆಯ ಗಟ್ಟಿ ದನಿ: "ಏನ್ರೀ! ಕೂತಿದ್ದೀರಲ್ಲ! ಗಂಡಿನ ಕಡೆಯವರು ಬಂದಿದ್ದಾರೆ, ಪಂಚೆ ಬದಲಾಯಿಸ್ಕೊಂಡು ಬನ್ರೀ!"

ತಂಬಿಗೆಯಲ್ಲಿ ನೀರು, ತಟ್ಟೆಯಲ್ಲಿ ಆರತಿ ಹಿಡಿದು ಬಂದರು. ನಾನು ಬೇಡ ಬೇಡವೆಂದರೂ ಬಿಡದೆ ನಮ್ಮ ಕಾಲಿಗೆ ನೀರು ಕೊಟ್ಟು, ಕೊಂಬೆಗೆ ಆರತಿ ಎತ್ತಿ, ಕುಂಕುಮ ಇಟ್ಟು, "ಬನ್ನಿ ಬೀಗಿತ್ತಿ, ಒಳಗೆ ಬನ್ನಿ. ಪ್ರಯಾಣ ಸುಖವಾಗಿ ಆಯ್ತಾ?" ಎಂದರು. ಅಷ್ಟು ವರ್ಷ ನನ್ನನ್ನು ಕಣೇ, ಬಾರೇ ಎಂದೇ ಕರೆದಿದ್ದವರು. ನನಗೆ ನಗುವೂ ಅಳುವೂ ಒಟ್ಟಿಗೆ ಬಂತು. ರಾಯರು ರೇಷ್ಮೆ ಪಂಚೆ ಉಟ್ಟು ಬಂದು, ಕನ್ನಡಕ ಏರಿಸಿ ಗಂಡನ್ನು ಮೇಲಿಂದ ಕೆಳಗೆ ನೋಡಿ, "ಸಂಬಂಧದಲ್ಲಿ ಏನೂ ದೋಷ ಕಾಣಲ್ಲ" ಎಂದರು. ಸಂಜೆ ಬೀದಿಯ ಹೆಂಗಸರೆಲ್ಲ ಸೇರಿದರು. ಅಂಥ ತುಳಸಿ ಮದುವೆಯನ್ನು ನಾನು ಮುಂದೆಂದೂ ನೋಡಲಿಲ್ಲ. ಕೋಸಂಬರಿ, ಪಾನಕ, ಅವಲಕ್ಕಿ ಎಲ್ಲ ಮೊದಲು ಬಂದದ್ದು ಬೀಗರಾದ ನಮಗೆ. ದೀಪದ ಬೆಳಕಿನಲ್ಲಿ ನಮ್ಮ ಮನೆಯ ಕಾಯಿಗಳು ಆ ತುಳಸಿಗೆ ತಾಗಿಕೊಂಡು ಹೊಳೆಯುತ್ತಿದ್ದವು. ಕಾವೇರಮ್ಮನವರು ಹಾಡು ಮರೆತು ಸುಮ್ಮನೆ ನೋಡುತ್ತಾ ಕೂತುಬಿಟ್ಟಿದ್ದರು. ಅವರ ಮುಖದಲ್ಲಿ ಅಷ್ಟು ತೃಪ್ತಿ ನೋಡಿ ನನ್ನ ಜನ್ಮ ಸಾರ್ಥಕವಾಯಿತು ಅನ್ನಿಸಿತು.

ಎರಡು ವರ್ಷದ ಮೇಲೆ, ಮೂರು ದಿನದ ಜ್ವರದಲ್ಲಿ ಅವರು ಹೋದರು. ಮಕ್ಕಳು ಸಣ್ಣವರು, ನಡುವೆ ಮತ್ತೆ ಹೋಗಲು ನನಗೆ ಆಗಲೇ ಇಲ್ಲ. ಆದ್ದರಿಂದ ನಾನು ಅವರನ್ನು ಕೊನೆಯ ಸಲ ಕಂಡದ್ದು ಆ ಮದುವೆಯ ಮರುದಿನ ಬೆಳಿಗ್ಗೆ.

ನಾವು ಹೊರಡುವ ಹೊತ್ತಿಗೆ ಅವರು ಮನೆಯಲ್ಲಿರಲಿಲ್ಲ. ನಮ್ಮ ಕೊಂಬೆಯನ್ನು ಸಗಣಿ ಮೆತ್ತಿ ಹಿತ್ತಲಲ್ಲಿ ಆಗಲೇ ನೆಟ್ಟಾಗಿತ್ತು, ಬುಡ ಒದ್ದೆಯಾಗಿತ್ತು. "ಬುಟ್ಟಿ ತಗೊಂಡು ಹೊರಟ್ಲು" ಎಂದು ರಾಯರು ಬೀದಿಯ ಕಡೆ ಕೈ ತೋರಿಸಿದರು. ಜಟಕಾ ತಿರುವಿಗೆ ಬಂದಾಗ ಆ ದನಿ ಕಿವಿಗೆ ಬಿತ್ತು. ಯಾವುದೋ ಮನೆಯ ಮೆಟ್ಟಿಲ ಕೆಳಗೆ ನಿಂತು, ಕಕ್ಕಾಬಿಕ್ಕಿಯಾಗಿದ್ದ ಹೊಸ ನೆರೆಯಾಕೆಯನ್ನು ತರಾಟೆಗೆ ತೆಗೆದುಕೊಳ್ಳುತ್ತಿದ್ದರು.

"ನಿಮ್ಮನೆ ಅಳಿಯಂಗೂ ಹೀಗೇ ಮಾಡ್ತೀರಾ?"

ಜಟಕಾ ನೋಡಿದ ತಕ್ಷಣ ಬುಟ್ಟಿ ಕೆಳಗಿಟ್ಟು ಸೆರಗು ಸರಿಮಾಡಿಕೊಂಡರು. ಹೆಣ್ಣಿನ ತಾಯಿ ಬೀಗರಿಗೆ ಮಾಡುವಂತೆ ಎರಡೂ ಕೈ ಜೋಡಿಸಿದರು. ಆಮೇಲೆ ಗಾಡಿ ಮುಂದೆ ಹೋಗುತ್ತಿದ್ದಂತೆ, ಇಡೀ ಅಗ್ರಹಾರಕ್ಕೆ ಕೇಳುವ ಹಾಗೆ ಕೂಗಿ ಹೇಳಿದರು:

"ಚಿಂತೆ ಮಾಡ್ಬೇಡಿ ಬೀಗಿತ್ತಿ! ನಿಮ್ಮ ಹುಡುಗನ್ನ ಚೆನ್ನಾಗಿ ನೋಡ್ಕೋತೀನಿ!"